ಬೀ ಇಟ್ಟ ಹೆಸರು

ನನ್ನ ತಮ್ಮನನ್ನು ಮಾರಿದ್ದು ಒಂದು ಮಂಗಳವಾರ ಬೆಳಿಗ್ಗೆ, ನಲ್ಲಿಯ ನೀರು ಬಂದು ಹೋದ ಮೇಲೆ. ಅವನಿಗೆ ಆಗ ಹನ್ನೊಂದು ದಿನ. ಕೊಂಡವಳು ನಮ್ಮ ಎದುರು ಕೋಣೆಯ ಖೈರುನ್ ಬೀ. ಬೆಲೆ ಒಂದು ಸೇರು ತೌಡು. ನಾನು ಏಳು ವರ್ಷದವಳು. ಬಾಗಿಲ ಪಕ್ಕದ ನೀರಿನ ಡ್ರಮ್ಮಿಗೆ ಒರಗಿ ನಿಂತು ಎಲ್ಲವನ್ನೂ ನೋಡಿದೆ. ಆ ದಿನ ನಾನು ಕಂಡದ್ದನ್ನು ಕಂಡ ಹಾಗೆಯೇ ಬರೆಯಬೇಕೆಂದು ಬಹಳ ವರ್ಷಗಳಿಂದ ಅಂದುಕೊಂಡಿದ್ದೇನೆ. ಬರೆಯಲು ಕೂತಾಗಲೆಲ್ಲ ಆ ದಿನವನ್ನು ದಾಟಿ ಇನ್ನೊಂದು ದಿನಕ್ಕೆ ಹೋಗಬೇಕಾಗುತ್ತದೆ ಎಂದು ಪೆನ್ನು ಕೆಳಗಿಡುತ್ತಿದ್ದೆ.

ಠಾಣೆ ಪಟ್ಟಣದ ಪಕ್ಕ, ಕಳವಾ ಎಂಬಲ್ಲಿ, ನಮ್ಮದು ಹತ್ತು ಕೋಣೆಗಳ ಚಾಳು. ಐದಕ್ಕೆ ಐದು ಎದುರುಬದುರು, ನಡುವೆ ಒಬ್ಬರು ಬಕೆಟು ಹಿಡಿದು ಬಂದರೆ ಇನ್ನೊಬ್ಬರು ಗೋಡೆಗೆ ಅಂಟಿ ನಿಲ್ಲಬೇಕಾದಷ್ಟು ಗಲ್ಲಿ. ಗಲ್ಲಿಯ ಒಂದು ತುದಿಯಲ್ಲಿ ನಲ್ಲಿ, ಇನ್ನೊಂದು ತುದಿಯಲ್ಲಿ ಅರ್ಧ ಬಿದ್ದ ಗೋಡೆ, ಗೋಡೆಯ ಆಚೆ ರೈಲಿನ ಹಳಿ. ಗಾಡಿ ಹೋದಾಗ ನಮ್ಮ ಶೆಲ್ಫಿನ ಸ್ಟೀಲಿನ ಲೋಟಗಳು ಒಂದಕ್ಕೊಂದು ತಾಗಿ ಸಣ್ಣಗೆ ಸದ್ದು ಮಾಡುತ್ತಿದ್ದವು. ಕೋಣೆ ಒಂದೇ. ಮೂಲೆಯಲ್ಲಿ ಪಾತ್ರೆ ತೊಳೆಯಲು, ಮೀಯಲು ಮೋರಿ, ಅದರ ಮೇಲೆ ಹಲಗೆ ಬಡಿದು ಮಾಡಿದ ಅಟ್ಟ. ಅಟ್ಟದ ತೊಲೆಯಲ್ಲಿ ತೊಟ್ಟಿಲಿಗೆಂದು ಅಪ್ಪ ಹೊಡೆಸಿದ್ದ ಒಂದು ಕಬ್ಬಿಣದ ಕೊಕ್ಕೆ ಇತ್ತು. ನನ್ನ ನಂತರ ಎರಡು ಗಂಡು ಹುಟ್ಟಿದ್ದವು. ಮೊದಲನೆಯದು ಒಂಬತ್ತು ದಿನ ಇತ್ತು. ಅದಕ್ಕೆ ಹೆಸರೇ ಇಡಲಿಲ್ಲ. ಎರಡನೆಯದು ಹದಿನಾಲ್ಕು ತಿಂಗಳು ಬದುಕಿ, ನೀರು ಎನ್ನುವುದನ್ನು ಕಲಿತು, ಒಂದು ಜ್ವರದಲ್ಲಿ ಹೋಯಿತು. ಅದಾದ ಮೇಲೆ ಅಮ್ಮ ಆ ಕೊಕ್ಕೆಗೆ ಬೆಳ್ಳುಳ್ಳಿಯ ಗೊಂಚಲು ತೂಗುಹಾಕಿದಳು. ಬರಿದಾಗಿ ಬಿಡಲು ಅವಳಿಗೆ ಆಗುತ್ತಿರಲಿಲ್ಲ.

ಮೂರನೆಯದರ ಬಾಣಂತನಕ್ಕೆ ಕುಂದಾಪುರದ ಕಡೆಯಿಂದ ಅಮ್ಮಮ್ಮ ಬಂದಳು. ಬಂದವಳು ಟ್ರಂಕು ಇಳಿಸುವ ಮೊದಲೇ ತೀರ್ಮಾನ ಹೇಳಿದಳು: ಗಂಡಾದರೆ ಮಾರಬೇಕು. ನಮ್ಮ ಕಡೆ ಇದು ಹಳೆಯ ಪದ್ಧತಿ. ಮಕ್ಕಳು ಉಳಿಯದ ಮನೆಯಲ್ಲಿ ಹುಟ್ಟಿದ ಮಗುವನ್ನು ಬೇರೆ ಜನಕ್ಕೆ ತೌಡಿಗೆ ಮಾರಿಬಿಡುವುದು. ಮಗು ಆ ಮನೆಯದಲ್ಲ ಎಂದು ತಿಳಿದು ಸಾವು ಬಾಗಿಲವರೆಗೆ ಬಂದು ತಿರುಗಿ ಹೋಗುತ್ತದಂತೆ. ಕೊಂಡವರು ಹೆಸರಿಡಬೇಕು. ಹೆತ್ತವರು ಅದನ್ನು ನನ್ನ ಮಗ ಎನ್ನಬಾರದು. ಏಳು ವರ್ಷ ತುಂಬಿದ ಮೇಲೆ ಅಷ್ಟೇ ತೌಡು ಕೊಟ್ಟು ವಾಪಸು ಕೊಳ್ಳಬಹುದು. ಎಲ್ಲಕ್ಕಿಂತ ದೊಡ್ಡ ಷರತ್ತು ಕೊಳ್ಳುವವಳದು. ಅಮ್ಮಮ್ಮ ಅದನ್ನು ಬೆರಳೆತ್ತಿ ಹೇಳಿದ್ದು ನನಗೆ ನೆನಪಿದೆ.

"ಮಕ್ಳ್ ಉಳ್ದ ಹೆಂಗ್ಸೇ ಆಯ್ಕ್. ಅವ್ಳ್ ಹೊಟ್ಟೆದ್ ಒಂದೂ ಹೋಗಿಪ್ಪುಕಾಗ."

ಒಂದೂ ಹೋಗಿರಬಾರದು. ಚಾಳಿನಲ್ಲಿ ಅಂಥವರನ್ನು ಎಣಿಸುತ್ತಾ ಹೋದರೆ ಹೆಚ್ಚು ಜನ ಸಿಗಲಿಲ್ಲ. ಖೈರುನ್ ಬೀ ಭಟ್ಕಳದ ಕಡೆಯವಳು, ಗಲ್ಲಿಯಲ್ಲಿ ಅಮ್ಮನ ಕನ್ನಡ ಅರ್ಥವಾಗುತ್ತಿದ್ದ ಒಬ್ಬಳೇ ಹೆಂಗಸು. ಸೀರೆಗೆ ಫಾಲ್ ಹಚ್ಚುವುದು ಅವಳ ಕೆಲಸ. ಗಂಡ ಹಸನ್ ಚಾಚಾ ದರ್ಜಿ. ಮೂರು ಹೆಣ್ಣುಮಕ್ಕಳು, ಮೂವರೂ ಗಟ್ಟಿಮುಟ್ಟು. ದೊಡ್ಡವಳು ಶಮೀಮ್ ನನ್ನ ಜೊತೆ ಕುಂಟೆಬಿಲ್ಲೆ ಆಡುವವಳು. ಅಮ್ಮಮ್ಮ ಎದುರು ಬಾಗಿಲಿಗೆ ಹೋಗಿ ಕೇಳಿದಳು.

"ಎಷ್ಟ್ ಮಕ್ಳ್ ನಿಮ್ಗೆ?"

"ಮೂರು ಅಮ್ಮಾ. ಮೂರೂ ಇದಾವೆ ನೋಡಿ, ತಲೆ ತಿನ್ಲಿಕ್ಕೆ."

ಅಮ್ಮಮ್ಮನಿಗೆ ಅಷ್ಟು ಸಾಕಾಯಿತು. ಕಷ್ಟವಾದದ್ದು ತೌಡಿಗೆ. ಊರಿನಲ್ಲಿ ಅಕ್ಕಿ ಗಿರಣಿಯ ಹಿಂದೆ ಗುಡ್ಡೆ ಬಿದ್ದಿರುವ ವಸ್ತು ಕಳವಾದ ಯಾವ ಅಂಗಡಿಯಲ್ಲೂ ಇರಲಿಲ್ಲ. ಅಪ್ಪ ಒಂದು ಕಾರ್ಖಾನೆಯ ಕ್ಯಾಂಟೀನಿನಲ್ಲಿ ಅಡುಗೆ ಮಾಡುತ್ತಿದ್ದ. ಪಾಳಿ ಮುಗಿಸಿ ಎಮ್ಮೆ ತಬೇಲಾಕ್ಕೆ ಹೋಗಿ ಗೋಧಿ ಬೂಸಾ ತಂದ. ತಬೇಲಾದ ಭಯ್ಯಾ, ಚಾಳಿನಲ್ಲಿ ಯಾವ ಎಮ್ಮೆ ಕಟ್ಟಿದ್ದೀರಿ ಎಂದು ಕೇಳಿದನಂತೆ. ಎಮ್ಮೆಗಲ್ಲ, ಮಗನಿಗೆ ಎಂದು ಅಪ್ಪ ಹೇಳಿ ಬಂದಿದ್ದ. ಅವನು ಅದನ್ನು ಹೇಳುವಾಗ ಅಮ್ಮ ನಕ್ಕಳು. ಆ ಬಾಣಂತನದಲ್ಲಿ ಅವಳು ನಕ್ಕದ್ದನ್ನು ನಾನು ನೋಡಿದ್ದು ಅದೊಂದೇ ಸಲ. ಬೂಸಾವನ್ನು ಮೊದಲು ಬೀಗೆ ಕೊಟ್ಟು, ಅವಳು ಅದನ್ನೇ ನಮಗೆ ಬೆಲೆಯೆಂದು ಕೊಡುವುದು ಎಂದಾಯಿತು. ಗೋಧಿಯದಾದರೂ ತೌಡು ತೌಡೇ ಎಂದು ಅಮ್ಮಮ್ಮ ಒಪ್ಪಿದಳು.

ಮಗುವನ್ನು ಗೆರಸಿಯಲ್ಲಿ, ಅಂದರೆ ಮೊರದಲ್ಲಿ, ಮಲಗಿಸಿ ಹೊಸ್ತಿಲ ಮೇಲಿಟ್ಟರು. ಗೆರಸಿಯ ಒಂದು ಅಂಚನ್ನು ಅಮ್ಮ ಹಿಡಿದಿದ್ದಳು, ಇನ್ನೊಂದನ್ನು ಗಲ್ಲಿಯಲ್ಲಿ ಕೂತ ಬೀ. ಕೊಂಡೆಯಾ ಎಂದು ಅಮ್ಮಮ್ಮ ಮೂರು ಸಲ ಕೇಳಿದಳು. ಕೊಂಡೆ ಎಂದು ಬೀ ಮೂರು ಸಲ ಹೇಳಿದಳು. ಮೂರನೆಯ ಸಲ ಅವಳ ದನಿ ಸಣ್ಣದಾಯಿತು. ಅದಕ್ಕೆ ಕಾರಣ ನನಗೆ ಆಗ ತಿಳಿಯಲಿಲ್ಲ. ಅಮ್ಮ ಗೆರಸಿ ಬಿಡಲಿಲ್ಲ. ಅವಳ ಬೆರಳುಗಳನ್ನು ಅಮ್ಮಮ್ಮ ಒಂದೊಂದಾಗಿ ಬಿಡಿಸಬೇಕಾಯಿತು.

"ಅರೇ ಸುಶೀಲಾ, ಅಳಬೇಡ ಮಾ. ಇವ ನಂದು ಈಗ. ನಮ್ದು ಮನೆಯಿಂದ ಯಾರೂ ತಗೊಂಡ್ ಹೋಗೋದಿಲ್ಲ," ಎಂದಳು ಬೀ.

ಹೆಸರು ಕೇಳಿದರು. ಬೀ ಹಿಂದೆ ತಿರುಗಿ ತನ್ನ ಕೋಣೆಯೊಳಗೆ ನೋಡಿದಳು. ಹಸನ್ ಚಾಚಾ ಮಿಷಿನಿನ ಪೆಡಲು ತುಳಿಯುವುದನ್ನು ನಿಲ್ಲಿಸಿ, ತಲೆ ಎತ್ತದೆ ಹೇಳಿದರು.

"ಇಯಾಸ್."

ಯೋಚಿಸಿ ಹೇಳಿದ ಹಾಗಿರಲಿಲ್ಲ. ಎಲ್ಲೋ ಮಡಿಸಿಟ್ಟದ್ದನ್ನು ತೆಗೆದುಕೊಟ್ಟ ಹಾಗಿತ್ತು. ಚಾಚಾ ಕೆಲವು ವರ್ಷ ಕೊಲ್ಲಿಯ ಒಂದು ಬಂದರಿನಲ್ಲಿ ಹೊಲಿಗೆ ಮಾಡಿದವರು. ಅಲ್ಲಿ ಅಂಗಡಿಯ ಮಾಲೀಕನ ತಂದೆಗೆ ಈ ಹೆಸರಿತ್ತಂತೆ. ಅಪ್ಪ ಅರ್ಥ ಕೇಳಿದ್ದಕ್ಕೆ, ಮೇಲಿನವನು ಕೊಟ್ಟದ್ದು, ಅಷ್ಟೇ, ಎಂದರು. ಆಮೇಲೆ ಸ್ವಲ್ಪ ಹೆಮ್ಮೆಯಿಂದ ಸೇರಿಸಿದರು.

"ಠಾಣೆಯಿಂದ ವಿ.ಟಿ. ಸ್ಟೇಷನ್ ತನಕ ಹುಡುಕ್ರಿ ಸಾಬ್, ಈ ಹೆಸರು ಇನ್ನೊಬ್ಬನಿಗೆ ಇಲ್ಲ."

ಅಮ್ಮಮ್ಮನಿಗೆ ಹಿಡಿಸಿದ್ದು ಅದೇ. ಯಾರಿಗೂ ಇಲ್ಲದ ಹೆಸರನ್ನು ಯಮ ಹೇಗೆ ಕರೆದಾನು ಎಂದು ಅವಳು ಊರಿಗೆ ಹೊರಡುವ ದಿನದವರೆಗೂ ಹೇಳುತ್ತಿದ್ದಳು. ಅಮ್ಮನಿಗೆ ಆ ಹೆಸರಿನ ಸದ್ದು ಇಷ್ಟ. ಕರೆಯುವಾಗ ಬಾಯಿ ಅಗಲವಾಗಿ ತೆರೆದು ಆಮೇಲೆ ಉಸಿರು ಹಲ್ಲಿನ ನಡುವೆ ನಿಧಾನ ಹೋಗುತ್ತದೆ, ಮಗುವನ್ನು ಮಲಗಿಸಲಿಕ್ಕೇ ಮಾಡಿದ ಹಾಗಿದೆ ಎನ್ನುತ್ತಿದ್ದಳು. ನನಗೂ ಇಷ್ಟವಾಗಿತ್ತು. ನನ್ನ ಕ್ಲಾಸಿನಲ್ಲೇ ಮೂವರು ರತ್ನಾ ಇದ್ದೆವು.

ಅವನು ಬದುಕಿದ. ಒಂಬತ್ತು ದಿನ ದಾಟಿತು, ಹದಿನಾಲ್ಕು ತಿಂಗಳು ದಾಟಿತು. ಬೆಳ್ಳುಳ್ಳಿಯ ಗೊಂಚಲು ಕೊಕ್ಕೆಯಿಂದ ಇಳಿದು ತೊಟ್ಟಿಲು ಏರಿತು. ಅಮ್ಮ ಷರತ್ತನ್ನು ಕಟ್ಟುನಿಟ್ಟಾಗಿ ಪಾಲಿಸಿದಳು. ಮೊಲೆ ಕೊಡುವ ಮೊದಲು ಎದುರು ಬಾಗಿಲಿಗೆ ಕೇಳುವ ಹಾಗೆ, ಬೀ, ನಿಮ್ಮ ಮಾಣಿಗೆ ಹಾಲು ಕೊಡಲಾ, ಎನ್ನುತ್ತಿದ್ದಳು. ಕೊಡು, ನಂದೇನು ಹೋಗೋದು, ಎಂದು ಅತ್ತಲಿಂದ ಉತ್ತರ ಬರುತ್ತಿತ್ತು. ನಮ್ಮ ಮನೆಯಲ್ಲಿ ಅವನಿಗೆ ಬೀ ಮಾಣಿ, ಬೀಯ ಹುಡುಗ, ಎಂದೇ ಹೆಸರಾಯಿತು. ಹ್ವಾಯ್ ಬೀ ಮಾಣಿ, ಉಂಬುಕ್ ಬಾ, ಎಂದರೆ ಅವನು ತಟ್ಟೆಯ ಮುಂದೆ ಬಂದು ಕೂರುತ್ತಿದ್ದ. ಬೆಳಿಗ್ಗೆ ಇಲ್ಲಿ ಗಂಜಿ, ಸಂಜೆ ಅಲ್ಲಿ ಪಾವ್. ತನ್ನ ಮನೆಯ ಮಾಂಸದ ಪಾತ್ರೆ ಅವನಿಗೆ ತಾಗಬಾರದೆಂದು ಬೀ ಒಂದು ಸಣ್ಣ ಬಾಣಲೆ ಬೇರೆ ಇಟ್ಟು ಅದರಲ್ಲಿ ಅವನಿಗೆ ಮೊಟ್ಟೆ ಮಾತ್ರ ಮಾಡುತ್ತಿದ್ದಳು. ಅಮ್ಮ ಹಾಗೆ ಮಾಡಲು ಹೇಳಿರಲಿಲ್ಲ.

ಬೀ ಅವನಿಗೆ ಕಲಿಸಿದ ಒಂದು ಆಟವನ್ನು ಇಲ್ಲಿ ಹೇಳಬೇಕು. ನಡೆಯಲು ಕಲಿತ ದಿನದಿಂದ ಅವನು ಗಲ್ಲಿಯ ತುದಿಯ ಮುರಿದ ಗೋಡೆಯ ಕಡೆಗೇ ಓಡುತ್ತಿದ್ದ. ಹಳಿಯ ಆಚೆ ಆಡುಗಳು ಮೇಯುತ್ತಿದ್ದವು. ಅವನಿಗೆ ಆಡೆಂದರೆ ಜೀವ. ಬೀ ಸೀರೆ ಹೊಲಿಯುತ್ತ ಬಾಗಿಲಲ್ಲಿ ಕೂತು, ಅವನು ಓಡುವಾಗ ಹೆಸರು ಕೂಗುತ್ತಿದ್ದಳು. ಕೂಗಿದ ಕೂಡಲೇ ಅವನು ಇದ್ದಲ್ಲೇ ನಿಲ್ಲಬೇಕು. ನಿಂತು, ಪೂರ್ತಿ ಹಿಂದೆ ತಿರುಗಿ, ಓ ಎನ್ನಬೇಕು. ಆಗ ಒಂದು ಬತಾಸು. ಒಂದು ಹೆಜ್ಜೆ ಮುಂದಿಟ್ಟರೂ ಬತಾಸು ಇಲ್ಲ. ಮೂರು ವರ್ಷಕ್ಕೆ ಅವನು ಇದನ್ನು ಎಷ್ಟು ಚೆನ್ನಾಗಿ ಕಲಿತನೆಂದರೆ, ಒಂದು ಕಾಲು ಮೇಲಿದ್ದಾಗ ಕರೆದರೂ ಕಾಲು ಕೆಳಗಿಡದೆ ಅಲ್ಲೇ ಕೊಕ್ಕರೆಯಂತೆ ನಿಂತು ತಿರುಗಿ ನಗುತ್ತಿದ್ದ. ಚಾಳಿನವರೆಲ್ಲ ಅದನ್ನು ನೋಡಲೆಂದೇ ಅವನನ್ನು ಕರೆಯುತ್ತಿದ್ದರು. ಬತಾಸು ನಿಂತರೂ ಅಭ್ಯಾಸ ನಿಲ್ಲಲಿಲ್ಲ.

ನನ್ನನ್ನು ಯಾರೂ ಮಾರಿರಲಿಲ್ಲ. ಹೆಣ್ಣಿಗೆ ಆ ಹೆದರಿಕೆ ಇಲ್ಲ ಎಂದು ಅಮ್ಮಮ್ಮ ಹೇಳಿದ್ದಳು. ನನಗೆ ಇಬ್ಬರು ಅಮ್ಮಂದಿರು ಇರಲಿಲ್ಲ, ಎರಡು ತಟ್ಟೆ ಇರಲಿಲ್ಲ. ಅವನನ್ನು ನಾನು ಎತ್ತಿ ಆಡಿಸಿದ್ದೇನೆ, ಅವನ ಮೂಗು ಒರೆಸಿದ್ದೇನೆ. ಆದರೂ ಒಳಗೆ ಒಂದು ಉರಿ ಇತ್ತು. ಇತ್ತು ಎಂದು ಬರೆಯದೆ ಮುಂದೆ ಹೋದರೆ ಉಳಿದದ್ದು ಸುಳ್ಳಾಗುತ್ತದೆ.

ನಾನು ಹನ್ನೆರಡು, ಅವನು ಐದು ತುಂಬಿದವನು. ನಮ್ಮ ಕನ್ನಡ ಶಾಲೆಯ ಟೀಚರು ಮನೆಯವರೆಲ್ಲರ ಹೆಸರು ಮತ್ತು ಅರ್ಥ ಬರೆದು ತರಲು ಹೇಳಿದರು. ಅಪ್ಪನದು, ಅಮ್ಮನದು, ನನ್ನದು ಸುಲಭ. ಉಳಿದದ್ದಕ್ಕೆ ಪಟ್ಟಿಪುಸ್ತಕ ಹಿಡಿದು ಎದುರು ಕೋಣೆಗೆ ಹೋದೆ. ಬೀ ಕಿಟಕಿಯ ಬೆಳಕಿಗೆ ಹಸಿರು ಸೀರೆಯೊಂದನ್ನು ಹರಡಿಕೊಂಡು ಕೂತಿದ್ದಳು.

"ಇಯಾಸ್ ಅಂದ್ರೆ ಏನು ಬೀ? ದೇವರು ಕೊಟ್ಟದ್ದು ಅಂತಾನೇ ಬರೀಲಾ?"

"ಹಾಂ, ಬರಿ." ಅವಳು ನೂಲು ಕಚ್ಚಿ ತುಂಡು ಮಾಡಿದಳು. ಆಮೇಲೆ, "ಪೂರ್ತಿ ಅದಲ್ಲ. ಒಂದು ಹೋಗ್ತದಲ್ಲ, ಅದರ ಬದಲಿಗೆ ಕೊಡ್ತಾನೆ. ಹಾಂಗ್ ಬದಲಿಗೆ ಕೊಟ್ಟದ್ದು. ಅದು ಇಯಾಸ್."

"ನಮ್ಮನೇಲಿ ಎರಡು ಹೋಗಿತ್ತಲ್ಲ, ಅದಕ್ಕಾ?"

ಬೀ ಸೂಜಿಯನ್ನು ಸೀರೆಗೆ ಚುಚ್ಚಿ ಬಿಟ್ಟಳು. ಬಾಗಿಲ ಕಡೆ ನೋಡಿದಳು.

"ಶಮೀಮ್‌ಗಿಂತ ಮೊದಲು ನಂದೂ ಒಬ್ಬ ಇದ್ದ. ನಾಲ್ಕು ತಿಂಗಳು. ಅವ ಹೋದ ದಿನ ಚಾಚಾ ಈ ಹೆಸರು ಕಾಗದದಲ್ಲಿ ಬರೆದು ಪೆಟ್ಟಿಗೇಲಿಟ್ರು, ಮುಂದಿಂದು ಗಂಡಾದ್ರೆ ಇಡುವಾ ಅಂತ. ಬಂದದ್ದು ಮೂರೂ ಹುಡುಗೀರು. ಹೆಸರು ಹಾಗೇ ಕೂತಿತ್ತು."

ನಾನು ಲೆಕ್ಕ ತಪ್ಪಿದವಳಂತೆ ಕೇಳಿದೆ.

"ಅಮ್ಮಮ್ಮ ನಿಮ್ಮನ್ನ ಕೇಳಿದ್ರಲ್ಲ?"

"ಎಷ್ಟು ಮಕ್ಕಳು ಅಂತ ಕೇಳಿದ್ರು. ಮೂರು ಅಂದೆ. ಸುಳ್ಳಾ?" ಅವಳು ನನ್ನ ಕೈ ಹಿಡಿದಳು. ಅವಳ ಬೆರಳ ತುದಿ ಸೂಜಿ ಚುಚ್ಚಿ ಚುಚ್ಚಿ ಒರಟಾಗಿತ್ತು. "ಅಮ್ಮನಿಗೆ ಹೇಳಬೇಡ ಬೇಟಾ. ಅವಳು ಹೆದರ್ತಾಳೆ. ಮಗು ಚೆನ್ನಾಗಿದೆಯಲ್ಲ, ಸಾಕು."

ಪಟ್ಟಿಪುಸ್ತಕದಲ್ಲಿ ನಾನು ದೇವರು ಕೊಟ್ಟದ್ದು ಎಂದೇ ಬರೆದೆ. ಹನ್ನೊಂದು ದಿನ ಬಾಯಿ ಮುಚ್ಚಿಕೊಂಡಿದ್ದೆ. ಹನ್ನೆರಡನೆಯ ದಿನ ಭಾನುವಾರ. ಅಮ್ಮ ಬಂಗುಡೆ ಹುರಿದಿದ್ದಳು. ನಡುವಿನ ತುಂಡಿನ ಮುಳ್ಳು ಬಿಡಿಸಿ ಅವನ ತಟ್ಟೆಗೆ ಹಾಕಿದಳು, ನನಗೆ ಬಾಲ ಬಂತು. ನಾನು ಬಾಲವನ್ನು ಅವನ ತಟ್ಟೆಗೆ ಎಸೆದೆ. ಅಮ್ಮ ನನ್ನ ತಲೆಗೆ ಮೊಟಕಿ, ಐದು ವರ್ಷದ ಮಾಣಿ ಹತ್ತಿರ ಜಗಳ ಮಾಡುವುದಕ್ಕೆ ನಾಚಿಕೆ ಇಲ್ಲವಾ ಎಂದಳು.

"ಮಾಣಿ ಮಾಣಿ ಅಂತ ಹೇಳ್ತಿಯಲ್ಲ, ಬೀಗೂ ಒಂದು ಸತ್ತಿತ್ತು. ನಿನ್ನ ಹತ್ತಿರ ಮುಚ್ಚಿಟ್ಟಿದ್ದಾಳೆ. ಈ ಹೆಸರು ಅದರ ಬದಲಿಗೆ ಅಂತ ಇಟ್ಟಿದ್ದು."

ಬಾಯಿ ತಪ್ಪಿ ಬಂದದ್ದಲ್ಲ. ಅಮ್ಮನಿಗೆ ಎಲ್ಲಿ ನೋವಾಗುತ್ತದೆ ಎಂದು ತಿಳಿದು ಅಲ್ಲಿಗೇ ಹೇಳಿದೆ.

ಅಮ್ಮನ ಕೈ ಅನ್ನದ ಮೇಲೆ ನಿಂತಿತು. "ಎಂತ ಹೇಳ್ದೆ ಹೆಣೆ? ಇನ್ನೊಂದ್ ಸಲ ಹೇಳ್," ಎಂದಳು. ಇನ್ನೊಂದು ಸಲ ಹೇಳಿದೆ. ಅವಳು ಎಂಜಲು ಕೈಯಲ್ಲೇ ಎದ್ದು ಗಲ್ಲಿ ದಾಟಿದಳು.

ಆ ಜಗಳವನ್ನು ಗಲ್ಲಿಯ ಹತ್ತು ಬಾಗಿಲೂ ನೋಡಿದವು. ಅಮ್ಮ ಕಿರುಚುತ್ತಿದ್ದಳು. ಬೀ ಕಿರುಚಲಿಲ್ಲ.

"ನನ್ ಮಾಣಿನ ನೀವ್ ಸಾವಿನ ಮನಿಗೆ ಕೊಂಡ್ರಿ! ಐದ್ ವರ್ಷ ನಂಗ್ ಗೊತ್ತೇ ಇಲ್ಲೆ!"

"ಐದು ವರ್ಷ ಜೀವ ಇದೆಯಲ್ಲ ಸುಶೀಲಾ. ನೋಡು ಅವನ್ನ. ಏನಾಗಿದೆ ಅವನಿಗೆ?"

"ಸತ್ತದ್ದರ ಹೆಸ್ರ್ ಇಟ್ಟಿರಿ!"

"ಸತ್ತವನ ಹೆಸರಲ್ಲ ಮಾ. ಬರಬೇಕಾದವನ ಹೆಸರು."

ನಲ್ಲಿಯ ಹತ್ತಿರ ಯಾರೋ ಮರಾಠಿಯಲ್ಲಿ, ಬೂಸಾ ಕೊಟ್ಟು ಕೊಂಡ ಹುಡುಗನಿಗೆ ಇಷ್ಟೊಂದು ರಗಳೆಯಾ, ಎಂದು ನಕ್ಕರು. ಮರುದಿನ ಬೆಳಿಗ್ಗೆ ಅಮ್ಮ ತಾನೇ ತಬೇಲಾಕ್ಕೆ ಹೋಗಿ ಒಂದು ಸೇರು ಬೂಸಾ ತಂದು ಬೀಯ ಹೊಸ್ತಿಲ ಮೇಲೆ ಸುರಿದಳು. ಏಳು ವರ್ಷ ಅಂತ ಮಾತಾಗಿತ್ತು ಎಂದು ಬೀ ಒಳಗಿನಿಂದ ಹೇಳಿದ್ದು ನನಗೆ ಕೇಳಿಸಿತು. ಆಮೇಲೆ ಅವಳು ಬಗ್ಗಿ, ಸುರಿದ ಬೂಸಾವನ್ನು ಅಂಗೈಯಲ್ಲಿ ಬಳಿದು ಬಳಿದು ಒಂದು ಡಬ್ಬಿಗೆ ತುಂಬಿದಳು.

ಆ ಗಲ್ಲಿಯಲ್ಲಿ ಇರುವುದಿಲ್ಲವೆಂದು ಅಮ್ಮ ಹಟ ಹಿಡಿದಳು. ಇಲ್ಲಿಂದ ಬದಲಾಪುರಕ್ಕೆ ಹೋದರೆ ಯಮನಿಗೆ ಲೋಕಲ್ ಟಿಕೆಟು ಸಿಗುವುದಿಲ್ಲವಾ ಎಂದು ಅಪ್ಪ ಕೇಳಿದ. ಅಮ್ಮ ಊಟ ಬಿಟ್ಟು ಕೂತಳು. ಎರಡು ವಾರದೊಳಗೆ ಬದಲಾಪುರದ ಒಂದು ಕೋಣೆಗೆ ನಮ್ಮ ಸಾಮಾನು ಹೋಯಿತು. ತೊಲೆಯ ಕೊಕ್ಕೆ ಕಳವಾದಲ್ಲೇ ಉಳಿಯಿತು. ಹೊರಡುವ ಹೊತ್ತಿಗೆ ಎದುರು ಬಾಗಿಲು ಮುಚ್ಚಿತ್ತು. ಬೀ ಮನೆಗೆ ಯಾವಾಗ ವಾಪಸು ಎಂದು ತಮ್ಮ ಟೆಂಪೊದಲ್ಲಿ ಕೂತು ಕೇಳುತ್ತಲೇ ಇದ್ದ.

ಹೊಸ ಕೋಣೆಯಲ್ಲಿ ಹಳೆಯ ಹೆಸರು ನಿಷೇಧವಾಯಿತು. ಅಮ್ಮ ಅವನಿಗೆ ಮಂಜುನಾಥ ಎಂದು ಹೆಸರಿಟ್ಟಳು. ಯಾರಾದರೂ ಬಾಯಿ ತಪ್ಪಿ ಹಳೆಯದನ್ನು ಕರೆದರೆ ತನ್ನ ಹೆಣ ನೋಡಿದ ಹಾಗೆ ಎಂದು ನನ್ನಿಂದ, ಅಪ್ಪನಿಂದ ತಲೆ ಮುಟ್ಟಿಸಿ ಆಣೆ ಮಾಡಿಸಿದಳು. ತಮ್ಮನಿಗೆ ಮಾತ್ರ ಅದು ಹತ್ತಲೇ ಇಲ್ಲ. ಮಂಜೂ ಎಂದರೆ ಆಚೆ ಈಚೆ ನೋಡಿ, ಅದು ಯಾರು, ಎನ್ನುತ್ತಿದ್ದ. ಮೊದಮೊದಲು ನಗುತ್ತಾ, ಆಮೇಲೆ ಅಳುತ್ತಾ. ಓ ಎನ್ನುವವರೆಗೆ ಅಮ್ಮ ತಟ್ಟೆ ಎತ್ತಿಟ್ಟು ಕೂರುತ್ತಿದ್ದಳು. ತಟ್ಟೆಯ ಮುಂದೆ ಓ ಎನ್ನುವುದನ್ನು ಅವನು ಕಲಿತ. ಬೆನ್ನ ಹಿಂದಿನಿಂದ ಕರೆದರೆ ತಿರುಗುತ್ತಿರಲಿಲ್ಲ.

ಇಪ್ಪತ್ತಾರು ದಿನ ಹೀಗೆ ಕಳೆಯಿತು. ಇಪ್ಪತ್ತೇಳನೆಯ ದಿನ ಬೆಳಿಗ್ಗೆ ಎಂಟೂವರೆಯ ಸುಮಾರಿಗೆ ನಾವು ಮೂವರು ರೇಷನ್ನಿನ ಸೀಮೆಎಣ್ಣೆ ತರಲು ಹೊರಟೆವು. ಅಂಗಡಿ ಹಳಿಯ ಆಚೆ. ಸೇತುವೆ ದೂರವಾದ್ದರಿಂದ ಎಲ್ಲರೂ ತಂತಿಬೇಲಿ ಹರಿದಲ್ಲಿಂದಲೇ ದಾಟುತ್ತಿದ್ದರು, ನಾವೂ. ಡಬ್ಬಿಯ ಹಿಡಿ ಕಿತ್ತುಬಂತೆಂದು ಅಮ್ಮ ಬೇಲಿಯ ಹತ್ತಿರ ನಿಂತು ಅದನ್ನು ಸರಿಮಾಡುತ್ತಿದ್ದಳು. ಅವನ ಕೈ ಹಿಡಿದಿದ್ದವಳು ನಾನು. ಆಚೆ ಬದಿಯಲ್ಲಿ ಆಡುಗಳಿದ್ದವು. ಅವನು ಕೈ ಕೊಸರಿಕೊಂಡು ಓಡಿದ. ಮೊದಲ ಜೋಡಿ ಹಳಿ ದಾಟಿದ. ಬಲಗಡೆಯಿಂದ, ಕರ್ಜತ್ ಕಡೆಯಿಂದ ಗಾಡಿ ಬರುತ್ತಿತ್ತು. ಹಾರ್ನು ಒಂದೇ ಸಮನೆ ಕೂಗುತ್ತಿತ್ತು. ಅಮ್ಮ, ಮಂಜೂ, ಮಂಜೂ, ಮಂಜೂ, ಎಂದು ಮೂರು ಸಲ ಕಿರುಚಿದಳು. ಅವನು ಓಡುತ್ತಲೇ ಇದ್ದ. ಆ ಹೆಸರು ಅವನಿಗೆ ಸಂಬಂಧಪಟ್ಟದ್ದಾಗಿರಲಿಲ್ಲ. ಅವನನ್ನು ತಿರುಗಿಸಬಲ್ಲ ಸದ್ದು ಯಾವುದೆಂದು ನನಗೆ ಗೊತ್ತಿತ್ತು. ಆಣೆ ನೆನಪಾಗಿ ಒಂದು ಉಸಿರಿನಷ್ಟು ಹೊತ್ತು ಸುಮ್ಮನಿದ್ದೆ. ಆಮೇಲೆ ನನಗೆ ಸಾಧ್ಯವಾದಷ್ಟೂ ಜೋರಾಗಿ ಕೂಗಿದೆ.

"ಇಯಾಸ್!"

ಅವನು ನಿಂತ. ಎರಡನೆಯ ಜೋಡಿ ಹಳಿಯ ನಡುವೆ ನಿಂತ. ಒಂದು ಕಾಲು ಮೇಲಿತ್ತು, ಅದನ್ನು ಕೆಳಗಿಡಲಿಲ್ಲ. ಪೂರ್ತಿ ಹಿಂದೆ ತಿರುಗಿದ. ಇಪ್ಪತ್ತಾರು ದಿನಗಳ ನಂತರ ಯಾರೋ ಅವನನ್ನು ಕರೆದಿದ್ದರು. ಅವನ ಮುಖದಲ್ಲಿ ಅಷ್ಟು ಸಂತೋಷ ನಾನು ಮೊದಲು ಕಂಡಿರಲಿಲ್ಲ. ಓ ಎಂದು ಅವನ ಬಾಯಿ ತೆರೆದದ್ದು ಕಾಣಿಸಿತು. ಹಾರ್ನಿನಲ್ಲಿ ಸದ್ದು ಕೇಳಿಸಲಿಲ್ಲ.

ಅಲ್ಲಿಂದ ಮುಂದೆ ನಾನು ಕಂಡದ್ದನ್ನು ಬರೆಯುವುದಿಲ್ಲ. ಕೂಗದಿದ್ದರೆ ಅವನು ಆಚೆ ತಲುಪುತ್ತಿದ್ದನೇ ಎಂದು ಲೆಕ್ಕ ಹಾಕಿದ್ದೇನೆ. ದೊಡ್ಡವಳಾದ ಮೇಲೆ ಆ ಜಾಗಕ್ಕೆ ಹೋಗಿ ಎರಡು ಹಳಿಯ ನಡುವಿನ ಅಂತರವನ್ನು ಹೆಜ್ಜೆಯಲ್ಲಿ ಅಳೆದಿದ್ದೇನೆ. ಐದು ವರ್ಷದ ಕಾಲಿಗೆ ಇನ್ನು ಮೂರು ಹೆಜ್ಜೆ. ತಲುಪುತ್ತಿದ್ದ ಎಂದು ಕೆಲವು ದಿನ ಅನ್ನಿಸುತ್ತದೆ, ಇಲ್ಲ ಎಂದು ಕೆಲವು ದಿನ. ಇದಕ್ಕಿಂತ ಖಚಿತವಾಗಿ ನಾನು ಏನನ್ನೂ ಹೇಳಲಾರೆ.

ಸ್ಟೇಷನ್ನಿನ ಒಂದು ಬೆಂಚಿನ ಮೇಲೆ ನಮ್ಮನ್ನು ಕೂರಿಸಿ ಪೊಲೀಸನೊಬ್ಬ ಹೇಳಿಕೆ ಬರೆದುಕೊಂಡ. ಹುಡುಗ ಓಡುತ್ತಿದ್ದವನು ನಡುವೆ ನಿಂತುಬಿಟ್ಟ ಎಂದು ಗಾಡಿ ಓಡಿಸುವವರು ಹೇಳಿದ್ದರು. ಯಾರಾದರೂ ಕೂಗಿದಿರಾ ಎಂದು ಅವನು ಹಿಂದಿಯಲ್ಲಿ ಕೇಳಿದ. ನಾನು ಬಾಯಿ ತೆರೆದೆ. ಅಮ್ಮ ನನ್ನ ಮಣಿಕಟ್ಟನ್ನು ಹಿಡಿದು ಒತ್ತಿದಳು, ಬಳೆ ಮುರಿಯುವಷ್ಟು.

"ಮೈನೇ. ಮೈನೇ ಬುಲಾಯಾ." ನಾನೇ ಕರೆದದ್ದು, ಎಂದಳು.

"ಕ್ಯಾ ಬೋಲಕೇ ಬುಲಾಯಾ?" ಏನೆಂದು ಕರೆದೆ ಎಂದು ಅವನು ಕೇಳಿದ.

 ಅಮ್ಮ ಇಪ್ಪತ್ತಾರು ದಿನಗಳಿಂದ ಬಾಯಿಗೆ ತಾರದ ಹೆಸರನ್ನು ಮೆಲ್ಲಗೆ, ಮಲಗಿಸುವಾಗ ಹೇಳುವ ಹಾಗೆ ಹೇಳಿದಳು. ಪೊಲೀಸ ತಂದೆಯ ಹೆಸರು ನೋಡಿದ, ನಮ್ಮ ಮುಖ ನೋಡಿದ, ಇನ್ನೇನೋ ಕೇಳಲು ಹೊರಟು ಬಿಟ್ಟುಬಿಟ್ಟ. ಸತ್ತವನ ಹೆಸರು ಎಂಬಲ್ಲಿ ಆ ಹೆಸರನ್ನೇ ಬರೆದ. ಮಂಜುನಾಥ ಎಂಬ ಹುಡುಗ ಯಾವ ಕಾಗದದಲ್ಲೂ ಇಲ್ಲ.

ಅಷ್ಟು ಸಣ್ಣವರನ್ನು ನಮ್ಮಲ್ಲೂ ಸುಡುವುದಿಲ್ಲ, ಹೂಳುತ್ತಾರೆ. ಮಣ್ಣು ಮುಗಿಸಿ ಅಪ್ಪ ಮೊದಲು ಹೋದದ್ದು ಕಳವಾಕ್ಕೆ. ಮರುದಿನ ಮಧ್ಯಾಹ್ನ ಬೀ ಬಂದಳು, ಒಬ್ಬಳೇ, ಬುರ್ಖಾದ ಒಳಗೆ ಏನನ್ನೋ ಅವುಚಿಕೊಂಡು. ಒಳಗೆ ಬರಲಿಲ್ಲ. ಹೊಸ್ತಿಲ ಆಚೆ ಕೂತಳು. ಬೂಸಾ ತುಂಬಿದ ಡಬ್ಬಿಯನ್ನು ಹೊಸ್ತಿಲ ಮೇಲಿಟ್ಟಳು.

"ಇದು ನಿಂದು. ನನ್ನ ಹತ್ತಿರ ಇಟ್ಕೊಳ್ಳಲಿಕ್ಕೆ ಆಗೋದಿಲ್ಲ ಸುಶೀಲಾ."

ಅಮ್ಮ ಡಬ್ಬಿಯನ್ನು ಮುಟ್ಟಲಿಲ್ಲ. 

"ಏಳ್ ವರ್ಷ ಆಯಿಲ್ಲೆ ಬೀ. ಮಾಣಿ ನಿಮ್ದೇ."

ಬೀ ಹಣೆಯನ್ನು ಹೊಸ್ತಿಲಿಗೆ ಹಚ್ಚಿದಳು. ಅಮ್ಮ ಈಚೆಯಿಂದ ಅವಳ ತಲೆಯ ಮೇಲೆ ಕೈ ಇಟ್ಟು ಕೂತಳು. ಡಬ್ಬಿ ಇಬ್ಬರ ನಡುವೆ ಇತ್ತು. ಅದನ್ನು ಕೊನೆಗೆ ಯಾರು ಒಯ್ದರು ಎಂಬುದು ನನಗೆ ನೆನಪಿಲ್ಲ.

ಅಮ್ಮ ಇನ್ನೂ ಇಪ್ಪತ್ತೆರಡು ವರ್ಷ ಬದುಕಿದಳು. ಅಂದು ಕೂಗಿದ್ದು ಯಾರು ಎಂಬ ಮಾತು ನಮ್ಮಿಬ್ಬರ ನಡುವೆ ಒಂದು ಸಲವೂ ಬರಲಿಲ್ಲ. ಊರಿನವರು ಕೇಳಿದಾಗಲೂ, ಅಪ್ಪ ಕೇಳಿದಾಗಲೂ, ನಾನೇ ಕೂಗಿದೆ ಎನ್ನುತ್ತಿದ್ದಳು. ಹೇಳುತ್ತಾ ಹೇಳುತ್ತಾ ಅವಳು ಅದನ್ನು ನಂಬಿದ್ದಳೋ ಏನೋ. ನಾನು ಕೋರ್ಟೊಂದರಲ್ಲಿ ಸಾಕ್ಷಿಗಳ ಹೇಳಿಕೆಯನ್ನು ಟೈಪು ಮಾಡುವ ಕೆಲಸಕ್ಕೆ ಸೇರಿದೆ. ಅವರು ಆಡಿದ ಮಾತಿಗಿಂತ ಒಂದು ಶಬ್ದ ಹೆಚ್ಚಿಲ್ಲ, ಕಡಿಮೆಯಿಲ್ಲ. ನನ್ನ ಕೆಲಸ ನಿಧಾನ ಎಂದು ಎಲ್ಲರೂ ಗೊಣಗುತ್ತಿದ್ದರು. ನಾನು ಯಾರನ್ನೂ ದೂರದಿಂದ ಹೆಸರು ಹಿಡಿದು ಕರೆಯುವುದಿಲ್ಲ. ನನ್ನ ಮಕ್ಕಳನ್ನೂ ಕರೆದಿಲ್ಲ. ಎದ್ದು ಹೋಗಿ ಭುಜ ಮುಟ್ಟುತ್ತೇನೆ. ಅಮ್ಮ ವಿಚಿತ್ರ ಎಂದು ಅವರು ಹಿಂದಿಯಲ್ಲಿ ಹೇಳಿ ನಗುತ್ತಾರೆ.

ಈಗ ನಾನಿರುವುದು ಸಾನಪಾಡಾದಲ್ಲಿ. ಕಳೆದ ತಿಂಗಳು ಪಕ್ಕದ ಫ್ಲ್ಯಾಟಿನ ಸಬಾ, ಮಂಗಳೂರಿನ ಹುಡುಗಿ, ತುಂಬಿದ ಬಸುರಿ, ಮೊಬೈಲು ಹಿಡಿದು ಬಂದಳು. ಮಗುವಿಗೆ ಯಾರೂ ಇಡದ ಹೆಸರು ಬೇಕೆಂದು ಗಂಡ ಹೆಂಡತಿ ಎರಡು ವಾರದಿಂದ ಹುಡುಕುತ್ತಿದ್ದರು.

"ಆಂಟಿ, ಇದು ನೋಡಿ. ಇಯಾಸ್. ಕೇಳ್ಲಿಕ್ಕೆ ಸ್ವೀಟ್ ಇದೆ ಅಲ್ವಾ? ಈ ಸೊಸೈಟೀಲಿ ಯಾರಿಗೂ ಇಲ್ಲ."

 ಅರ್ಥ ಏನಂತೆ ಎಂದು ಕೇಳಿದೆ.

"ಇದ್ರಲ್ಲಿ ಗಿಫ್ಟ್ ಅಂತ ಹಾಕಿದ್ದಾರೆ. ನನ್ನ ಮಾವ ಹೇಳಿದ್ರು, ಬರೀ ಗಿಫ್ಟ್ ಅಲ್ಲ, ಹೋದದ್ದರ ಬದಲಿಗೆ ಸಿಗೋದು ಅಂತ. ನಮ್ಗೂ ಹೋದ ವರ್ಷ ಒಂದು ಹೋಗಿತ್ತಲ್ಲ ಆಂಟಿ. ಅದಕ್ಕೇ ಇದೇ ಇರ್ಲಿ ಅಂತ. ಹೇಗಿದೆ ಹೇಳಿ, ನಿಜ ಹೇಳ್ಬೇಕು."

ನನಗೆ ಗೊತ್ತಿರುವ ನಿಜವೆಲ್ಲ ಬಾಯಿಯ ತುದಿಯಲ್ಲಿತ್ತು. ಒಳ್ಳೆಯ ಹೆಸರು, ಎಂದೆ. ಅದೂ ನಿಜ.

ಮಗು ಹುಟ್ಟಿ ಏಳನೆಯ ದಿನ ಹೆಸರಿಡುವುದಕ್ಕೆ ನನ್ನನ್ನೂ ಕರೆದಿದ್ದರು. ಮುಂದಿನ ಕೋಣೆಯ ತುಂಬ ಜನ, ಬಿರಿಯಾನಿಯ ಘಮ. ತೊಟ್ಟಿಲು ಕಿಟಕಿಯ ಹತ್ತಿರವಿತ್ತು. ನಾನು ಬಾಗಿಲಲ್ಲಿ ನಿಂತದ್ದನ್ನು ಸಬಾ ನೋಡಿ, ಒಮ್ಮೆ ಹೆಸರು ಕರೀರಿ ಆಂಟಿ, ಯಾರು ಕರೆದ್ರೂ ಕಣ್ಣು ಬಿಡ್ತಾನೆ, ಎಂದು ಅಲ್ಲಿಂದಲೇ ಹೇಳಿದಳು. ನಾನು ಕರೆಯಲಿಲ್ಲ. ಕೂತವರ ನಡುವೆ ದಾರಿ ಬಿಡಿಸಿಕೊಂಡು, ಕೋಣೆಯ ಆ ತುದಿಯವರೆಗೆ ನಡೆದೆ. ತೊಟ್ಟಿಲ ಹಗ್ಗವನ್ನು ಒಂದು ಕೈಯಲ್ಲಿ ಹಿಡಿದು ಅದು ಅಲುಗದ ಹಾಗೆ ಮಾಡಿದೆ. ಇನ್ನೊಂದು ಕೈಯನ್ನು ಮಗುವಿನ ಎದೆಯ ಮೇಲಿಟ್ಟು, ಬಗ್ಗಿ, ಅದರ ಕಿವಿಯ ಹತ್ತಿರ ಆ ಹೆಸರನ್ನು ಹೇಳಿದೆ.